ಒಂದು ಜೋಳದ ಕಾಳಿನ ಮೇಲೆ ಎಷ್ಟು ಅಕ್ಷರ ಹಿಡಿಸುತ್ತವೆ?

ಹಿಂದಿನ ಸಂಚಿಕೆಯಲ್ಲಿ ಸೂಜಿಯ ಕಣ್ಣೊಳಗೆ ಗೊಂಬೆ ಕೂರಿಸುವ ಕಲಾವಿದರ ಬಗ್ಗೆ ನಾಲ್ಕು ಸಾಲು ಬರೆದಿದ್ದೆ. ಅಷ್ಟಕ್ಕೇ ಇಷ್ಟು ಪತ್ರ ಬರುತ್ತವೆ ಅಂದುಕೊಂಡಿರಲಿಲ್ಲ. ವಿಜಯಪುರ, ಜಮಖಂಡಿ, ಗುಳೇದಗುಡ್ಡ, ಬೆಳಗಾವಿ, ಎಲ್ಲ ಕಡೆಯಿಂದ ಬಂದಿವೆ. ಹಾಗಾಗಿ ಈ ಸಲ ಬೇರೆ ಪ್ರಶ್ನೆ ಮುಟ್ಟುವುದಿಲ್ಲ.

ಪ್ರಶ್ನೆ: ಸೂಜಿಯ ಕಣ್ಣಲ್ಲಿ ಒಂಟೆಗಳ ಸಾಲು ನಿಂತಿರುವ ಚಿತ್ರ ಮೊಬೈಲಿನಲ್ಲಿ ನೋಡಿದೆ. ಇದು ನಿಜವಾಗಿ ಕೈಯಿಂದ ಮಾಡಿದ್ದಾ, ಇಲ್ಲಾ ಕಂಪ್ಯೂಟರ್ ಕರಾಮತ್ತಾ? ಕೈಯಿಂದಲೇ ಆದರೆ ಕೈ ನಡುಗುವುದಿಲ್ಲವಾ? (ವಿದ್ಯಾರ್ಥಿ, ವಿಜಯಪುರ)

ಕೈಯಿಂದಲೇ ಮಾಡಿದ್ದು. ಆದರೂ ನೀವು ಅನುಮಾನ ಪಟ್ಟಿದ್ದು ಒಳ್ಳೆಯದೇ ಆಯಿತು, ಯಾಕೆಂದರೆ ಯಂತ್ರದಿಂದ ಮಾಡಿದವೂ ಇವೆ. 2014ರಲ್ಲಿ ಜಾಂಟಿ ಹರ್ವಿಟ್ಜ್ ಅನ್ನುವವರು ತಲೆಗೂದಲಿನ ದಪ್ಪದ ಲೆಕ್ಕದಲ್ಲಿ ಅಳೆಯಬೇಕಾದಂಥ ಹೆಣ್ಣಿನ ಮೂರ್ತಿ ಮಾಡಿಸಿದರು. ಅದು ಲೇಸರ್ ಬೆಳಕಿನಿಂದ ರಾಳವನ್ನು ಗಟ್ಟಿ ಮಾಡುತ್ತಾ ಮುದ್ರಿಸಿದ್ದು. ಅದೂ ಕಲೆಯೇ, ಆದರೆ ದಾರಿ ಬೇರೆ.

ಸೂಜಿಯ ಕಣ್ಣಿನವರು ಬೇರೆ ಜನ. ಇಂಗ್ಲೆಂಡಿನ ವಿಲ್ಲರ್ಡ್ ವಿಗನ್ 1957ರಲ್ಲಿ ಹುಟ್ಟಿದವರು. ಚಿಕ್ಕಂದಿನಲ್ಲಿ ಓದು ಬರಹ ಹತ್ತಲಿಲ್ಲ, ಅದು ಡಿಸ್ಲೆಕ್ಸಿಯಾ ಅಂತ ಆಗ ಯಾರಿಗೂ ಗೊತ್ತಿರಲಿಲ್ಲ, ತರಗತಿಯಲ್ಲಿ ಅವಮಾನ ಮಾಡುತ್ತಿದ್ದರು. ಐದು ವರ್ಷದ ಆ ಹುಡುಗ ಇರುವೆಗಳಿಗೆ ಮನೆ ಕಟ್ಟಲು ಶುರು ಮಾಡಿದ. ಅಲ್ಲಿಂದ ಬೆಳೆದದ್ದು ಈ ಕೆಲಸ. 2007ರಲ್ಲಿ ಅಲ್ಲಿನ ರಾಜಮನೆತನದ ಎಂಬಿಇ ಗೌರವ ಬಂತು. ಇನ್ನೊಬ್ಬರು ಹಾಗೋಪ್ ಸಂದಲ್‌ಜಿಯಾನ್. ಅರ್ಮೇನಿಯಾ ಮೂಲದವರು, ಪಿಟೀಲು ವಾದಕರು, ಪಿಟೀಲು ಕಲಿಸುವ ಗುರುಗಳು. 1980ರಲ್ಲಿ ಅಮೆರಿಕಕ್ಕೆ ಹೋದರು, 1990ರಲ್ಲಿ ತೀರಿಕೊಂಡರು. ಅವರ ಕೆಲಸಗಳನ್ನು ಲಾಸ್ ಏಂಜಲೀಸ್‌ನ ಒಂದು ಮ್ಯೂಸಿಯಂನಲ್ಲಿ ಮಸೂರದ ಕೆಳಗೆ ಇಟ್ಟಿದ್ದಾರೆ. ಉಕ್ರೇನಿನ ನಿಕೊಲಾಯ್ ಸ್ಯಾದ್ರಿಸ್ತಿ ಅವರ ಕೆಲಸಗಳಿಗೆ ಕೀವ್‌ನ ಹಳೆಯ ಮಠದ ಆವರಣದಲ್ಲಿ ಒಂದು ಮ್ಯೂಸಿಯಮ್ಮೇ ಇದೆ.

ಇನ್ನು ಕೈ ನಡುಕ. ನಡುಗುತ್ತೆ, ಎಲ್ಲರದೂ ನಡುಗುತ್ತೆ. ಹೆಬ್ಬೆರಳು ತೋರುಬೆರಳನ್ನು ಮೆತ್ತಗೆ ಒತ್ತಿ ಹಿಡಿದು ಒಂದು ನಿಮಿಷ ಸುಮ್ನೆ ಕೂತು ನೋಡಿ, ಬೆರಳ ತುದಿಯಲ್ಲಿ ನಿಮ್ಮ ಎದೆಬಡಿತವೇ ಸಿಗುತ್ತೆ. ನಮಗೆ ಅದು ಲೆಕ್ಕಕ್ಕಿಲ್ಲ. ಆದರೆ ಕೂದಲಿಗಿಂತ ತೆಳುವಾದ ತೋಳನ್ನು ಕೆತ್ತುವಾಗ ಆ ಒಂದು ಬಡಿತ ಅಂದರೆ ಭೂಕಂಪ. ನಿಮಿಷಕ್ಕೆ 70 ಸಲ ಹೃದಯ ಬಡಿಯುತ್ತೆ ಅಂದುಕೊಳ್ಳಿ, ಎರಡು ಬಡಿತದ ನಡುವೆ ಒಂದು ಸೆಕೆಂಡೂ ಇಲ್ಲ. ವಿಗನ್ ಆಗಲಿ ಸಂದಲ್‌ಜಿಯಾನ್ ಆಗಲಿ ಆ ಸಂದಿನಲ್ಲೇ ಒಂದು ಗೀರು ಎಳೆದವರು. ಉಸಿರು ನಿಲ್ಲಿಸಿ, ಬಡಿತ ಕಾದು, ಒಂದು ಗೀರು. ಮತ್ತೆ ಕಾದು ಇನ್ನೊಂದು. ಸಂದಲ್‌ಜಿಯಾನ್ ಅವರ ಒಂದೊಂದು ಕೆಲಸ ತಿಂಗಳುಗಟ್ಟಲೆ, ಕೆಲವಂತೂ ಒಂದು ವರ್ಷಕ್ಕೂ ಜಾಸ್ತಿ ಹಿಡಿದಿವೆ. ಪಿಟೀಲಿನ ಕಮಾನು ಹಿಡಿದ ಕೈಗೆ ಈ ಕಾಯುವಿಕೆ ಮೊದಲೇ ಒಲಿದಿತ್ತು ಅಂತ ನನಗೆ ಅನ್ನಿಸುತ್ತೆ.

ಕೈಗಿಂತ ದೊಡ್ಡ ತೊಂದರೆ ಇನ್ನೊಂದಿದೆ. ವಸ್ತು ಚಿಕ್ಕದಾದಷ್ಟೂ ಅದು ಕೆಳಗೆ ಬೀಳುವುದನ್ನೇ ಮರೆತುಬಿಡುತ್ತೆ. ನಮ್ಮ ಅಡುಗೆಮನೆಯಲ್ಲೇ ನೋಡಿ: ರೊಟ್ಟಿ ಬಡಿಯುವಾಗ ಹಿಟ್ಟಿನ ಮುದ್ದೆ ಕೈ ಜಾರಿದರೆ ದೊಪ್ಪೆಂದು ಬೀಳುತ್ತೆ, ಅದೇ ಹಿಟ್ಟಿನ ಪುಡಿ ಮಾತ್ರ ಕೊಡವಿದರೂ ಬೆರಳಿಗೇ ಅಂಟಿಕೊಂಡಿರುತ್ತೆ. ಗಾತ್ರ ಇಳಿದಂತೆ ತೂಕ ಬಹಳ ಬೇಗ ಇಳಿಯುತ್ತೆ, ಅಂಟುವ ಗುಣ ಅಷ್ಟು ಬೇಗ ಇಳಿಯುವುದಿಲ್ಲ. ಜೊತೆಗೆ ಗಾಳಿ ಒಣಗಿದ್ದರೆ ಸ್ಥಾಯಿ ವಿದ್ಯುತ್ತು ಬೇರೆ, ಚಿಮಟದ ತುದಿಯಿಂದ ತುಣುಕು ಚಂಗನೆ ಹಾರಿ ಹೋಗುತ್ತೆ. ವಿಗನ್ ಒಮ್ಮೆ ಚಹಾಕೂಟದ ದೃಶ್ಯವೊಂದಕ್ಕೆ ಪುಟ್ಟ ಹುಡುಗಿಯ ಗೊಂಬೆ ಮಾಡಿ ಕೂರಿಸುವ ಹೊತ್ತಿಗೆ ಉಸಿರು ಎಳೆದುಕೊಂಡರು, ಗೊಂಬೆ ಮೂಗಿನೊಳಗೆ ಹೋಯಿತು. ವಾರಗಳ ಕೆಲಸ. ಅವರು ಇನ್ನೊಂದು ಮಾಡಿದರು.

ಅವರು ಬಣ್ಣ ಹಚ್ಚುವುದು ಕಣ್ಣಿನ ರೆಪ್ಪೆಗೂದಲಿನಿಂದ. ಕೆಲಸ ಮಾಡುವುದು ರಾತ್ರಿ ಹೊತ್ತು, ರಸ್ತೆಯಲ್ಲಿ ಗಾಡಿಗಳು ಕಡಿಮೆ ಇರುವಾಗ. ನೆಲದ ನಡುಕವೂ ಅಲ್ಲಿ ಲೆಕ್ಕಕ್ಕೆ ಬರುತ್ತೆ ಅಲ್ವಾ.

ಪ್ರಶ್ನೆ: ಮಗ ಎಂಟನೇ ತರಗತಿ. ಪೆನ್ಸಿಲ್ ಸೀಸದ ಮೇಲೆ ಕೆತ್ತುತ್ತೇನೆ ಅಂತ ದಿನಕ್ಕೆ ನಾಲ್ಕೈದು ಪೆನ್ಸಿಲ್ ಹಾಳು ಮಾಡುತ್ತಾನೆ. ಅವರಪ್ಪ ಬೈಯುತ್ತಾರೆ. ಬಿಡಿಸಬೇಕೋ, ಮುಂದುವರಿಸಲೋ? ಕಣ್ಣಿಗೆ ತೊಂದರೆ ಇಲ್ಲವೇ? (ತಾಯಿ, ಜಮಖಂಡಿ)

ದಯವಿಟ್ಟು ಬಿಡಿಸಬೇಡಿ. ಪೆನ್ಸಿಲ್ ಖರ್ಚು ಕಡಿಮೆ ಮಾಡುವ ದಾರಿ ಹೇಳುತ್ತೇನೆ.

ಮೊದಲು ಡಾಲ್ಟನ್ ಗೆಟ್ಟಿ ಅನ್ನುವವರ ಕಥೆ ಮಗನಿಗೆ ಹೇಳಿ. ಬ್ರೆಜಿಲ್‌ನಲ್ಲಿ ಹುಟ್ಟಿ ಅಮೆರಿಕದಲ್ಲಿ ಬಡಗಿ ಕೆಲಸ ಮಾಡಿಕೊಂಡಿರುವವರು. ಪೆನ್ಸಿಲ್ ತುದಿಯಲ್ಲಿ ಇಂಗ್ಲಿಷಿನ 26 ಅಕ್ಷರ ಕೆತ್ತಿದ್ದಾರೆ, ಒಂದು ಪೆನ್ಸಿಲ್‌ಗೆ ಒಂದು ಅಕ್ಷರ. ಅದಕ್ಕೆ ಹಿಡಿದದ್ದು ಎರಡೂವರೆ ವರ್ಷ. ಹತಾರ ಅಂದರೆ ಒಂದು ಬ್ಲೇಡು, ಒಂದು ಹೊಲಿಗೆ ಸೂಜಿ, ಒಂದು ಕೆತ್ತುವ ಚಾಕು, ಅಷ್ಟೇ. ಒಮ್ಮೆ ಕೂತರೆ ಒಂದೆರಡು ತಾಸು, ಅದಕ್ಕಿಂತ ಜಾಸ್ತಿ ಇಲ್ಲ. ನನಗೆ ಅವರಲ್ಲಿ ತುಂಬಾ ಇಷ್ಟವಾದ ಸಂಗತಿ ಬೇರೆ ಇದೆ. ಕೆತ್ತುವಾಗ ಮುರಿದ ತುಂಡುಗಳನ್ನು ಅವರು ಎಸೆಯುವುದಿಲ್ಲ. ಒಂದೊಂದನ್ನೂ ಗುಂಡುಪಿನ್ನಿಗೆ ಅಂಟಿಸಿ ಥರ್ಮೋಕೋಲಿಗೆ ಚುಚ್ಚಿ ಇಟ್ಟಿದ್ದಾರೆ, ಅಂಥವು ನೂರಕ್ಕೂ ಹೆಚ್ಚು. ಅದಕ್ಕೆ ಸ್ಮಶಾನ ಅಂತಲೇ ಹೆಸರು. ನಿಮ್ಮ ಮಗನಿಗೂ ಒಂದು ಬೆಂಕಿಪೊಟ್ಟಣ ಕೊಡಿ, ಮುರಿದದ್ದೆಲ್ಲ ಅದರಲ್ಲಿ ಸೇರಲಿ. ಯಾವ ಜಾಗದಲ್ಲಿ ಮುರಿಯಿತು ಅಂತ ಒಂದು ವಾರ ನೋಡಿದರೆ ಸಾಕು, ತಪ್ಪು ಎಲ್ಲಿ ಅಂತ ಅವನಿಗೇ ಗೊತ್ತಾಗುತ್ತೆ. ಸಾಮಾನ್ಯವಾಗಿ ಕೆತ್ತಿದ ಗೊಂಬೆಯ ಕುತ್ತಿಗೆಯ ಹತ್ತಿರ ಮುರಿಯುತ್ತೆ, ಯಾಕೆಂದರೆ ಮಕ್ಕಳು ಮೊದಲು ಕುತ್ತಿಗೆಯನ್ನೇ ತೆಳ್ಳಗೆ ಮಾಡಿಬಿಡುತ್ತಾರೆ. ತುದಿಯಿಂದ ಕೆಳಗೆ ಬರಬೇಕು, ತೆಳು ಜಾಗ ಕೊನೆಗೆ.

ಸೀಸ ಅಂದರೆ ಸೀಸವಲ್ಲ, ಗ್ರಾಫೈಟ್ ಮತ್ತು ಜೇಡಿಮಣ್ಣಿನ ಮಿಶ್ರಣ. ಪೆನ್ಸಿಲ್ ಮೇಲೆ ಬರೆದಿರುವ ಬಿ ಸಂಖ್ಯೆ ಏರಿದಂತೆ ಗ್ರಾಫೈಟ್ ಜಾಸ್ತಿ, ಮೆತ್ತಗೆ. ಎಚ್ ಏರಿದಂತೆ ಮಣ್ಣು ಜಾಸ್ತಿ, ಗಟ್ಟಿ, ಬ್ಲೇಡು ಜಾರುತ್ತೆ. ಕಲಿಯುವವರಿಗೆ ಬಡಗಿಗಳ ಚಪ್ಪಟೆ ಪೆನ್ಸಿಲ್ ಒಳ್ಳೆಯದು, ಒಳಗಿನ ಸೀಸ ದಪ್ಪ ಇರುತ್ತೆ. ಹಾರ್ಡ್‌ವೇರ್ ಅಂಗಡಿಯಲ್ಲಿ ಸಿಗುತ್ತೆ, ಒಂದು ಪೆನ್ಸಿಲ್ ಅನ್ನು ಮತ್ತೆ ಮತ್ತೆ ಕೆತ್ತಬಹುದು. ನೆಲಕ್ಕೆ ಬಿದ್ದ ಪೆನ್ಸಿಲ್ ಮಾತ್ರ ಬೇಡ, ಮೇಲೆ ಚೆನ್ನಾಗಿ ಕಂಡರೂ ಒಳಗೆ ಸೀಸ ಒಡೆದಿರುತ್ತೆ. ಕಟ್ಟಿಗೆಯನ್ನು ಪೂರ್ತಿ ಸುಲಿಯಬಾರದು, ಬೇಕಾದಷ್ಟೇ ಸುಲಿಯಬೇಕು. ಪುಡಿಯನ್ನು ಬಾಯಿಂದ ಊದದೆ ಕುಂಚದಿಂದ ಸರಿಸಬೇಕು.

ಕಣ್ಣಿನ ಮಾತು ಖಂಡಿತ ಮುಖ್ಯ. ದಿಟ್ಟಿಸಿ ನೋಡುವಾಗ ರೆಪ್ಪೆ ಬಡಿಯುವುದು ಕಡಿಮೆಯಾಗಿ ಕಣ್ಣು ಒಣಗುತ್ತೆ. ಇಪ್ಪತ್ತು ನಿಮಿಷಕ್ಕೊಮ್ಮೆ ತಲೆ ಎತ್ತಿ ಕಿಟಕಿಯಾಚೆ ದೂರದ ಮರ ನೋಡಲಿ. ದಿನಕ್ಕೆ ಅರ್ಧ ತಾಸು ಸಾಕು, ಉಳಿದ ಹೊತ್ತು ಬಯಲಲ್ಲಿ ಆಡಲಿ. ಬೆಳೆಯುವ ಮಕ್ಕಳ ಕಣ್ಣಿಗೆ ಹೊರಗಿನ ಬೆಳಕು ಬೇಕು. ಬೋರ್ಡಿನ ಅಕ್ಷರ ಮಸುಕು ಕಾಣುತ್ತೆ ಅಂದರೆ ತಡ ಮಾಡದೆ ಕಣ್ಣಿನ ಡಾಕ್ಟರಿಗೆ ತೋರಿಸಿ.

ಹಾಗೇ ಇನ್ನೊಂದು. ಮೈಕ್ರೋಸ್ಕೋಪ್ ಕೊಡಿಸಿ ಅಂತ ಕೇಳಿದರೆ ಶಾಲೆಯ ಜೀವಶಾಸ್ತ್ರದ ಲ್ಯಾಬಿನಂಥದ್ದು ಕೊಡಿಸಬೇಡಿ. ಅದರಲ್ಲಿ ಬಿಂಬ ತಲೆಕೆಳಗಾಗಿ ಕಾಣುತ್ತೆ, ಕೈ ಎಡಕ್ಕೆ ಹೋದರೆ ಚಿತ್ರ ಬಲಕ್ಕೆ ಹೋಗುತ್ತೆ, ಕೈ ಆಡಿಸಲು ಜಾಗವೂ ಇಲ್ಲ. ವಾಚು ರಿಪೇರಿಯವರ ಕಣ್ಣಿನ ಮಸೂರ ಸದ್ಯಕ್ಕೆ ಸಾಕು.

ಪ್ರಶ್ನೆ: ನಾವು ಖಣ ನೇಯುವವರು. ನಮ್ಮದೂ ಸಣ್ಣ ಸಣ್ಣ ಚಿತ್ರಗಳ ಕೆಲಸವೇ. ಇದನ್ನು ಯಾಕೆ ಸೂಕ್ಷ್ಮ ಕಲೆ ಅಂತ ಯಾರೂ ಕರೆಯುವುದಿಲ್ಲ? (ನೇಕಾರರು, ಗುಳೇದಗುಡ್ಡ)

ನಿಮ್ಮ ಪತ್ರ ಓದಿ ಪೆಟ್ಟಿಗೆಯಲ್ಲಿದ್ದ ನಮ್ಮವ್ವನ ಖಣದ ಕುಪ್ಪಸ ತೆಗೆದು ಮಸೂರದಲ್ಲಿ ನೋಡಿದೆ. ತೇರಿನ ಚಿತ್ರ. ಒಂದೊಂದು ಎಳೆ ಎದ್ದು ಕೂತ ರೀತಿ ನೋಡಿ ಬಹಳ ಹೊತ್ತು ಅದನ್ನೇ ಹಿಡಿದುಕೊಂಡಿದ್ದೆ. ಖಣಕ್ಕೆ ಜಿಐ ಟ್ಯಾಗ್, ಅಂದರೆ ಇಂಥ ಊರಿನದೇ ಅನ್ನುವ ಅಧಿಕೃತ ಗುರುತು, ಬಂದಿದೆ, ಆದರೆ ನಿಮ್ಮ ಪ್ರಶ್ನೆಗೆ ಅದು ಉತ್ತರವಲ್ಲ, ಗೊತ್ತು. ನನಗೆ ಅನ್ನಿಸುವುದು ಇಷ್ಟು. ಸೂಜಿಯ ಕಣ್ಣಿನವರು ಒಂದೇ ಒಂದು ಮಾಡುತ್ತಾರೆ, ಅದನ್ನು ಗಾಜಿನೊಳಗೆ ಇಡುತ್ತಾರೆ. ನೀವು ಅದೇ ತೇರನ್ನು ದಿನಕ್ಕೆ ನೂರಾರು ಸಲ ತಪ್ಪದೆ ಎಬ್ಬಿಸುತ್ತೀರಿ, ನಾವು ಅದನ್ನು ತೊಟ್ಟು ಒಗೆದು ಹರಿಯುವ ತನಕ ಬಳಸುತ್ತೇವೆ. ದಿನಾ ಬಳಸುವ ವಸ್ತುವನ್ನು ಜನ ನಿಂತು ನೋಡುವುದಿಲ್ಲ. ತಪ್ಪು ನೋಡುವವರದು.

ನಮ್ಮ ಭಾಗದ ಇನ್ನೊಂದು ಸಂಗತಿಯೂ ಇದಕ್ಕೆ ಸೇರುತ್ತೆ. ವಿಜಯಪುರದಲ್ಲಿ ಎರಡನೇ ಇಬ್ರಾಹಿಂ ಆದಿಲ್ ಶಾಹ 1580ರಿಂದ 1627ರವರೆಗೆ ಆಳಿದ ಕಾಲದಲ್ಲಿ ಮಿನಿಯೇಚರ್ ಚಿತ್ರಗಳು ಅರಳಿದವು. ಈಗ ಅವುಗಳಲ್ಲಿ ಬಹಳಷ್ಟು ಹೊರದೇಶದ ಮ್ಯೂಸಿಯಂಗಳಲ್ಲಿವೆ. ಮಿನಿಯೇಚರ್ ಅಂದರೆ ಚಿಕ್ಕದು ಅಂತ ಎಲ್ಲರೂ ತಿಳಿದಿದ್ದೇವೆ. ಆದರೆ ಆ ಪದ ಬಂದದ್ದು ಲ್ಯಾಟಿನ್‌ನ ಮಿನಿಯಂನಿಂದ, ಅಂದರೆ ಸಿಂಧೂರದ ಕೆಂಪು ಬಣ್ಣ. ಹಳೆಯ ಕೈಬರಹದ ಪುಸ್ತಕಗಳಲ್ಲಿ ಆ ಬಣ್ಣ ಬಳಸುತ್ತಿದ್ದರು. ಚಿಕ್ಕದು ಅನ್ನುವ ಅರ್ಥ ಆಮೇಲೆ ಅಂಟಿಕೊಂಡದ್ದು. ವಿಜಯಪುರದಲ್ಲಿ ಆ ದೊರೆಯ ಸಮಾಧಿಯಾದ ಇಬ್ರಾಹಿಂ ರೋಜಾಕ್ಕೆ ಹೋದರೆ ಕಿಟಕಿಗಳನ್ನು ನೋಡಿ, ಕಲ್ಲಿನ ಜಾಲರಿಯೇ ಅಕ್ಷರಗಳಾಗಿದೆ. ದೊಡ್ಡ ಗೋಡೆಯಲ್ಲಿದ್ದರೂ ಅದರ ಹಿಂದೆ ಇರುವುದು ನಿಮ್ಮಂಥದ್ದೇ ಕೈ.

ಪ್ರಶ್ನೆ: ದಾಖಲೆ ಪುಸ್ತಕದಲ್ಲಿ ಹೆಸರು ಬರಬೇಕಾದರೆ ಏನು ಮಾಡಬೇಕು? (ಓದುಗರು, ಮುಧೋಳ)

ಮೊದಲು ಕೆಲಸ ಮಾಡಿ. ಕೆಲವು ವರ್ಷದ ಹಿಂದೆ ಒಂದು ಸಂಸ್ಥೆಯವರು ನನಗೂ ಫೋನ್ ಮಾಡಿ ಪ್ರಮಾಣಪತ್ರ, ಪದಕ ಎಲ್ಲ ಸೇರಿ ಇಷ್ಟು ದುಡ್ಡು ಅಂತ ಹೇಳಿದ್ದರು. ಕೆಲಸವನ್ನು ನೋಡುತ್ತೇವೆ ಅಂತ ಒಂದು ಮಾತೂ ಬರಲಿಲ್ಲ. ಅಂಥವರಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ. ಎಷ್ಟು ಚಿಕ್ಕದು ಅನ್ನುವುದನ್ನು ಸ್ಕೇಲು ಹೇಳುತ್ತೆ. ಚೆನ್ನಾಗಿದೆಯೋ ಇಲ್ಲವೋ ಅಂತ ತಿಳಿಯಬೇಕಾದರೆ ಅದರ ಫೋಟೊ ತೆಗೆದು ಗೋಡೆಯಷ್ಟು ದೊಡ್ಡದು ಮಾಡಿ ನೋಡಬೇಕು. ಆಗಲೂ ಮುಖದಲ್ಲಿ ಜೀವ ಇದ್ದರೆ ಅದು ಕಲೆ. ದೊಡ್ಡದು ಮಾಡಿದಾಗ ಬರೀ ಗೀಚು ಕಂಡರೆ ಇನ್ನೂ ಕಲಿಯಬೇಕು. ನಾನು ಬರೆದ ಬಹಳಷ್ಟು ಜೋಳದ ಕಾಳುಗಳಲ್ಲಿ ಇನ್ನೂ ಗೀಚೇ ಕಾಣುತ್ತೆ.

ಪ್ರಶ್ನೆ: ಬನಶಂಕರಿ ಜಾತ್ರೆಯಲ್ಲಿ ಅಕ್ಕಿಕಾಳಿನ ಮೇಲೆ ಹೆಸರು ಬರೆದು ಗಾಜಿನ ಕೊಳವೆಯಲ್ಲಿ ಹಾಕಿಕೊಟ್ಟರು. ನಮ್ಮದು ಜೋಳದ ನಾಡು, ಜೋಳದ ಮೇಲೆ ಯಾಕೆ ಬರೆಯಬಾರದು? ಎಷ್ಟು ಅಕ್ಷರ ಹಿಡಿಸುತ್ತವೆ? (ಓದುಗರು, ಬೆಳಗಾವಿ)

ನನ್ನ ಮನಸ್ಸಿನ ಪ್ರಶ್ನೆಯನ್ನೇ ಕೇಳಿದ್ದೀರಿ! ಹನ್ನೆರಡು ವರ್ಷದಿಂದ ನಾನು ಬರೆಯುತ್ತಿರುವುದು ಜೋಳದ ಮೇಲೆಯೇ.

ಅಕ್ಕಿ ಉದ್ದ, ಒಂದು ಸಾಲು ಸಲೀಸಾಗಿ ಬರುತ್ತೆ. ಜೋಳ ದುಂಡಗೆ, ಅಡ್ಡಳತೆ ನಾಲ್ಕು ಮಿಲಿಮೀಟರ್ ಆಸುಪಾಸು, ಸಾಲು ಬಾಗುತ್ತೆ. ಸಿಪ್ಪೆಯ ಮೇಲೆ ಸಣ್ಣ ಮೇಣದ ಪದರ ಇರುವುದರಿಂದ ಶಾಯಿ ನಿಲ್ಲುವುದಿಲ್ಲ. ಒಣ ಹತ್ತಿಬಟ್ಟೆಯಲ್ಲಿ ಚೆನ್ನಾಗಿ ಉಜ್ಜಿಕೊಳ್ಳಿ. ಹುಳ ಹಿಡಿಯದ, ಚುಕ್ಕೆ ಇಲ್ಲದ ಬಿಳಿಜೋಳ ಆರಿಸಿ. ಮಕ್ಕಳ ಆಟದ ಜೇಡಿಮಣ್ಣಿನ ಮೇಲೆ ಕಾಳನ್ನು ಅರ್ಧ ಹೂತು ಕೂರಿಸಿ. ಪೆನ್ನು 0.1 ಮಿಲಿಮೀಟರಿನ ಡ್ರಾಯಿಂಗ್ ಪೆನ್ನು. ಎರಡೂ ಮೊಣಕೈ ಮೇಜಿನ ಮೇಲೆ ಊರಿರಬೇಕು, ಕಿರುಬೆರಳು ಕಿರುಬೆರಳಿಗೆ ತಾಗಿರಬೇಕು. ಉಸಿರು ಪೂರ್ತಿ ಬಿಟ್ಟ ಮೇಲೆ ಸಿಗುವ ಸಣ್ಣ ಬಿಡುವಿನಲ್ಲಿ ಗೆರೆ ಎಳೆಯಿರಿ.

ಅಕ್ಷರಗಳ ಲೆಕ್ಕ ಕನ್ನಡದಲ್ಲಿ ಬೇರೆಯೇ. ಇಂಗ್ಲಿಷ್ ಅಕ್ಷರ ಒಂದೇ ಅಂತಸ್ತಿನ ಮನೆಯಂತೆ ಸಾಲಾಗಿ ನಿಲ್ಲುತ್ತೆ. ನಮ್ಮದಕ್ಕೆ ಮೂರು ಅಂತಸ್ತು: ಮೇಲೆ ತಲೆಕಟ್ಟು, ನಡುವೆ ಅಕ್ಷರ, ಕೆಳಗೆ ಒತ್ತು. ಒತ್ತು ಬಂದರೆ ಆ ಸಾಲಿನ ಕೆಳಗೆ ಜಾಗ ಬಿಡಲೇಬೇಕು. ಬೆಳಗಾವಿ, ಬಾಗಲಕೋಟೆ, ವಿಜಯಪುರ, ಮೂರರಲ್ಲೂ ಒತ್ತಕ್ಷರ ಇಲ್ಲ ನೋಡಿ! ಮೂರನ್ನೂ ಒಂದರ ಕೆಳಗೊಂದು ಒಂದೇ ಕಾಳಿನ ಒಂದೇ ಮುಖದಲ್ಲಿ ಬರೆಯಬಹುದು, ಒಟ್ಟು 14 ಅಕ್ಷರ, ಬಿಡಿಬಿಡಿಯಾಗಿ ಓದಲು ಬರುತ್ತೆ. ಕಿತ್ತೂರು, ಗುಳೇದಗುಡ್ಡ, ಮುದ್ದೇಬಿಹಾಳ ಬಂದರೆ ಎರಡೇ ಸಾಲು. ನನ್ನ ಕೈಗೆ ಸಾಧ್ಯವಾದದ್ದು ಒಂದು ಮುಖಕ್ಕೆ 24 ಅಕ್ಷರ, ಅದೂ ಬರೀ ಒತ್ತಿಲ್ಲದ ಪದಗಳು.

ಹೊತ್ತು ಬೆಳಗಿನ ಐದು ಗಂಟೆ. ಏಪ್ರಿಲ್ ಬಂದರೆ ನಮ್ಮ ಬಾಗಲಕೋಟೆಯಲ್ಲಿ ಎಂಟಕ್ಕೆಲ್ಲ ಫ್ಯಾನ್ ಇಲ್ಲದೆ ಕೂರಲು ಆಗುವುದಿಲ್ಲ, ಫ್ಯಾನ್ ಹಾಕಿದರೆ ಕೆಲಸ ಆಗುವುದಿಲ್ಲ. ಒಮ್ಮೆ ಕರೆಂಟ್ ಹೋಗಿದ್ದಾಗ ಕೂತು ಎಮ್ಮೆಯ ಚಿತ್ರ ಮುಗಿಸುತ್ತಿದ್ದೆ, ಮೂರು ವಾರದ ಕೆಲಸ, ಕೊಂಬಿನ ಗೆರೆಯೊಂದು ಬಾಕಿ. ಸ್ವಿಚ್ ಆಫ್ ಮಾಡಿರಲಿಲ್ಲ. ಕರೆಂಟ್ ಬಂತು, ಫ್ಯಾನ್ ತಿರುಗಿತು, ಆಗಷ್ಟೇ ಮಣ್ಣಿನಿಂದ ತೆಗೆದು ಕಾಗದದ ಮೇಲಿಟ್ಟಿದ್ದ ಕಾಳು ಉರುಳಿಹೋಯಿತು. ಮನೆಯವರೆಲ್ಲ ಮೊಣಕಾಲೂರಿ ಹುಡುಕಿದೆವು, ಸಿಗಲಿಲ್ಲ. ಮಾರನೇ ದಿನ ಐದಕ್ಕೆ ಎದ್ದು ಬೇರೆ ಕಾಳು ಉಜ್ಜಲು ಕೂತೆ.

ಬರೆದವರು ನನಗೆ ಕಳಿಸಿ, ಮಸೂರದಲ್ಲಿ ನೋಡಿ ಒಬ್ಬೊಬ್ಬರಿಗೂ ಉತ್ತರ ಬರೆಯುತ್ತೇನೆ. ಬರೀ ಲಕೋಟೆಯಲ್ಲಿ ಹಾಕಬೇಡಿ, ದಾರಿಯಲ್ಲೇ ಕಾಳು ನುಚ್ಚಾಗುತ್ತೆ. ಹತ್ತಿಯಲ್ಲಿ ಸುತ್ತಿ, ಖಾಲಿ ಮಾತ್ರೆ ಡಬ್ಬಿಯಲ್ಲಿ ಇಟ್ಟು, ಯಾವ ಕಡೆ ಬರೆದಿದ್ದೀರಿ ಅಂತ ಹಿಂಬದಿಗೆ ಒಂದು ಕೆಂಪು ಚುಕ್ಕೆ ಇಟ್ಟು ಕಳಿಸಿ.