ಮಗನ್ನ ಶಾಲೆ ಬಿಡ್ಸಿ ಚೆನ್ನೈಗೆ ಕಳ್ಸೋ ಮುಂಚೆ ಇಷ್ಟು ಓದಿ ಅಣ್ಣ

ಹೊಸನಗರದ ಅಣ್ಣ ಮೊನ್ನೆ ಗುಂಪಲ್ಲಿ ಕೇಳಿದ್ರಲ್ಲ, ಮಗಂಗೆ ಒಂಬತ್ತು ವರ್ಷ, ಮೊಬೈಲ್ ಚೆಸ್ಸಲ್ಲಿ ಮನೆಮಂದಿನೆಲ್ಲ ಸೋಲಿಸ್ತಾನೆ, ಗುಕೇಶ್ ತರ ಶಾಲೆ ಬಿಡ್ಸಿ ಚೆನ್ನೈ ಅಕಾಡೆಮಿಗೆ ಹಾಕ್ಲಾ ಅಂತ. ಕೆಳಗೆ ನಾಲ್ಕು ಜನ "ಹಾಕಿ ಹಾಕಿ" ಅಂದಿದ್ದು ನೋಡಿ ಸುಮ್ನಿರಕ್ಕಾಗ್ಲಿಲ್ಲ ಮಾರಾಯ್ರೆ. ಅಡಿಕೆ ತೋಟಕ್ಕೆ ಕೊಳೆರೋಗದ ಔಷ್ದಿ ಹೊಡ್ಸೋ ಗಡಿಬಿಡಿ, ಅದ್ರ ಮೇಲೆ ಎರಡು ದಿನ ಕರೆಂಟಿಲ್ಲ, ಅದ್ಕೆ ತಡ ಆಯ್ತು. ಉದ್ದನೂ ಆಗುತ್ತೆ, ಬೇಜಾರಾಗ್ಬೇಡಿ.

ಗುಕೇಶ್ ವಿಷ್ಯನೇ ತಗೊಳ್ಳಿ. 12 ವರ್ಷ 7 ತಿಂಗ್ಳಿಗೆ ಗ್ರ್ಯಾಂಡ್‌ಮಾಸ್ಟರ್ (ಜಿಎಂ, ಚೆಸ್ಸಿನ ಅತಿ ದೊಡ್ಡ ಬಿರುದು), 2024ರ ಡಿಸೆಂಬರಲ್ಲಿ ಸಿಂಗಪುರದಲ್ಲಿ ಆಗಿನ ಚಾಂಪಿಯನ್ ಚೀನಾದ ಡಿಂಗ್ ಲಿರೆನ್‌ನ ಸೋಲ್ಸಿ 18ಕ್ಕೇ ವಿಶ್ವ ಚಾಂಪಿಯನ್. ನಾಲ್ಕನೇ ಕ್ಲಾಸಾದ್ಮೇಲೆ ರೆಗ್ಯುಲರ್ ಶಾಲೆ ಬಿಟ್ಟಿದ್ದೂ ನಿಜ. ಆದ್ರೆ ಅವರಪ್ಪ ಕಿವಿ ಮೂಗು ಗಂಟ್ಲು ಸರ್ಜನ್, ಮಗನ ಜೊತೆ ದೇಶ ಸುತ್ತಕ್ಕೆ ಪ್ರಾಕ್ಟೀಸ್ ನಿಲ್ಸಿದ್ರು, ಅಮ್ಮ ಮೈಕ್ರೋಬಯಾಲಜಿಸ್ಟ್, ಅವರೊಬ್ಬರ ಸಂಬಳದಲ್ಲಿ ಮನೆ ನಡೀತಿತ್ತು. ನಾವು ಅಡಿಕೆ ಕೊನೆ ಕೊಯ್ಲು ಟೈಮಲ್ಲಿ ತೋಟ ಬಿಟ್ಟು ತಿಂಗಳುಗಟ್ಲೆ ಹೋಗಕ್ಕಾಗುತ್ತಾ? ಇನ್ನೊಂದು, ಅವನ ಕೋಚ್ ವಿಷ್ಣು ಪ್ರಸನ್ನ ಅವನು ಜಿಎಂ ಆಗೋ ತನಕ ಕಂಪ್ಯೂಟರ್ ಎಂಜಿನ್ (ಒಳ್ಳೇ ನಡೆ ಯಾವ್ದು ಅಂತ ಹೇಳೋ ಪ್ರೋಗ್ರಾಂ) ಮುಟ್ಟಕ್ಕೇ ಬಿಟ್ಟಿರ್ಲಿಲ್ಲ. ಎಂಜಿನ್ ಹೇಳೋ ಉತ್ರ ನೋಡೋ ಬದ್ಲು ತಲೇಲೇ ಲೆಕ್ಕ ಹಾಕು ಅಂತ. ಇದು ದುಡ್ಡು ಕೇಳೋ ಕೆಲ್ಸ ಅಲ್ಲ, ಹೊಸನಗರದಲ್ಲಿ ಕೂತೂ ಮಾಡ್ಬಹುದು.

ಆ ಸಿಂಗಪುರದ್ದು ಕೊನೇ ಆಟ, 14ನೇದು, ಮಗನ ಜೊತೆ ಬೋರ್ಡಲ್ಲಿ ಇಟ್ಟು ನೋಡಿ. ಇಬ್ರಿಗೂ ಒಂದೊಂದು ಆನೆ, ಒಂದೊಂದು ಒಂಟೆ, ಗುಕೇಶ್‌ಗೆ ಒಂದು ಪಾನ್ (ಕಾಲಾಳು) ಜಾಸ್ತಿ ಅಷ್ಟೆ. ಡ್ರಾ ಅಂತ ಎಲ್ರೂ ತೀರ್ಮಾನ ಮಾಡ್ಕೊಂಡು ಟೈಬ್ರೇಕ್ (ಸಮ ಆದ್ರೆ ಆಡ್ಸೋ ಚುಟುಕು ಆಟ) ಮಾತಾಡ್ತಿದ್ರು. ಇವನು ಮಾತ್ರ ಎದ್ದಿಲ್ಲ, ಸುಮ್ನೆ ಒತ್ತಿ ಒತ್ತಿ ಆಡಿಸ್ತಾ ಹೋದ. 55ನೇ ನಡೆಗೆ ಡಿಂಗ್ ಆನೆನ ಎಫ್2 ಮನೆಗೆ ಇಟ್ಬಿಟ್ರು. ಅಷ್ಟೇ, ಆನೆಗೆ ಆನೆ ಹೋಯ್ತು, ಒಂಟೆಗೆ ಒಂಟೆ ಹೋಯ್ತು, ಉಳಿದಿದ್ದು ಬರೀ ರಾಜ ಪಾನು, ಅದ್ರಲ್ಲಿ ಗುಕೇಶ್ ಗೆದ್ದಾಗಿತ್ತು. ಮೂರು ನಿಮಿಷದ ಮೊಬೈಲ್ ಆಟ ಆಡೋ ಹುಡುಗ್ರು ಅಂತ ಜಾಗದಲ್ಲಿ ಡ್ರಾ ಒತ್ತಿ ಮುಂದಿನ ಗೇಮಿಗೆ ಹೋಗಿರ್ತಾರೆ.

ನಮ್ಮಣ್ಣನ ಮಗಂದೇ ಹೇಳ್ತೀನಿ. ಮೊಬೈಲಲ್ಲಿ ಭಾರಿ ರೇಟಿಂಗು (ಆಟದ ಮಟ್ಟ ತೋರ್ಸೋ ಅಂಕ), ಒಂದು ಆನ್‌ಲೈನ್ ಕ್ಲಾಸಿಗೆ ಹಾಕಿದ್ವಿ, ಒಂದೇ ಸಲ ನಲವತ್ತು ಮಕ್ಳು, ಬರೀ ಓಪನಿಂಗ್ (ಆಟದ ಶುರುವಿನ ನಡೆ) ಬಾಯಿಪಾಠ, ಫೀಸು ಮಾತ್ರ ತಿಂಗ್ಳಾ ಸರಿಯಾಗಿ. ಆಮೇಲೆ ಶಿವಮೊಗ್ಗದಲ್ಲಿ ಮೊದಲ್ನೇ ರೇಟಿಂಗ್ ಟೂರ್ನಮೆಂಟ್‌ಗೆ ಕೂರ್ಸಿದ್ರೆ ಗಡಿಯಾರದಲ್ಲಿ 90 ನಿಮಿಷ ಇದೆ, ಇವನು ಹನ್ನೊಂದೇ ನಿಮಿಷಕ್ಕೆ ಮಂತ್ರಿ ಕಳ್ಕೊಂಡು ಹೊರಗೆ ಬಂದು ಕಬ್ಬಿನಹಾಲು ಕೊಡ್ಸಿ ಚಿಕ್ಕಪ್ಪ ಅಂದ. ಕುದುರೆ ಮುಟ್ಟಿದ್ದಾನೆ, ಮುಟ್ಟಿದ ಕಾಯಿ ನಡೆಸ್ಲೇಬೇಕು ಅಂತ ಗೊತ್ತಿಲ್ಲ. ನಡೆ ಬರ್ಯೋ ಶೀಟ್ ನೋಡಿದ್ರೆ ಆರು ನಡೆ ಬರ್ದು ಆಮೇಲೆ ಖಾಲಿ, ಮೂಲೇಲಿ ಒಂದು ಕುದುರೆ ಚಿತ್ರ ಬಿಡ್ಸಿದ್ದ.

ಈಗ ವಿಶ್ವನಾಥನ್ ಆನಂದ್. 1988ರಲ್ಲಿ ಭಾರತದ ಮೊದಲ್ನೇ ಜಿಎಂ, ಐದು ಸಲ ವಿಶ್ವ ಚಾಂಪಿಯನ್. 2017ರಲ್ಲಿ ಸೌದಿಯ ರಿಯಾದ್‌ನಲ್ಲಿ ವಿಶ್ವ ರ‍್ಯಾಪಿಡ್ (ಕಮ್ಮಿ ಟೈಮಿನ ಆಟ) ಗೆದ್ದಾಗ 48 ವರ್ಷ. ಅವರು ಶಾಲೆ ಬಿಟ್ಟೋರಲ್ಲ, ಲೊಯೊಲಾ ಕಾಲೇಜಲ್ಲಿ ಬಿ.ಕಾಂ ಮಾಡಿದೋರು. ಕಲ್ಸಿದ್ದು ಅಮ್ಮ. ಅಪ್ಪನ ಕೆಲಸದ ಮೇಲೆ ಮನಿಲಾದಲ್ಲಿ ಇದ್ದಾಗ ಅಲ್ಲಿ ಟಿವೀಲಿ ಮಧ್ಯಾಹ್ನ ಚೆಸ್ ಕಾರ್ಯಕ್ರಮ ಬರ್ತಿತ್ತಂತೆ, ಹುಡುಗ ಶಾಲೇಲಿ, ಅಮ್ಮ ಟಿವಿ ಮುಂದೆ ಕೂತು ಆ ದಿನದ ಒಗಟು ಬರ್ದಿಟ್ಕೊಳ್ಳೋದು, ಸಂಜೆ ಇಬ್ರೂ ಸೇರಿ ಬಿಡಿಸಿ ಉತ್ರ ಕಳ್ಸೋದು. ಗೆದ್ರೆ ಪುಸ್ತಕ ಬಹುಮಾನ. ಎಷ್ಟು ಗೆದ್ರು ಅಂದ್ರೆ ಕೊನೆಗೆ ಅವ್ರೇ ಕರ್ದು, ಬೇಕಾದಷ್ಟು ಪುಸ್ತಕ ತಗೊಂಡೋಗಪ್ಪ, ಇನ್ಮೇಲೆ ಉತ್ರ ಕಳಿಸ್ಬೇಡ ಅಂದ್ರಂತೆ! ನನಗೆ ಐದು ಕಿರೀಟಕ್ಕಿಂತ ಈ ಅಮ್ಮ ಬರ್ಕೊಂಡ ಹಾಳೆನೇ ದೊಡ್ಡದು ಅನ್ಸುತ್ತೆ. ಆನಂದೂ ಚೆನ್ನೈ ತಾಲ್ ಕ್ಲಬ್ಬಲ್ಲಿ ಬ್ಲಿಟ್ಜ್ (ಕೆಲವೇ ನಿಮಿಷದ ಆಟ) ಆಡೇ ಬೆಳ್ದಿದ್ದಲ್ವಾ ಅಂತ ಯಾರಾದ್ರೂ ಕೆಳಗೆ ಹಾಕ್ತೀರಿ, ಗೊತ್ತು. ಹೌದು, ಆದ್ರೆ ಅಲ್ಲಿ ಎದುರಿಗೆ ಮನುಷ್ಯ ಕೂತಿರ್ತಿದ್ದ, ಗೆದ್ದೋನು ಕೂತಿರೋದು ಸೋತೋನು ಎದ್ದು ಪಾಳಿ ಹಚ್ಚೋದು, ಸೋತ್ರೆ ಬಿಸಿ ತಟ್ತಿತ್ತು.

ಚೆನ್ನೈನ ಇನ್ನೊಬ್ಬ ಜಿಎಂ ಪ್ರಜ್ಞಾನಂದ 2022ರಲ್ಲಿ ರಾತ್ರಿ ಎರಡು ಗಂಟೆ ತನಕ ನೆದರ್ಲೆಂಡ್ಸಿನ ಜಿಎಂ ಅನೀಶ್ ಗಿರಿ ಜೊತೆ ಆನ್‌ಲೈನ್ ಸೆಮಿಫೈನಲ್ ಆಡಿ ಗೆದ್ದು ಬೆಳಗ್ಗೆ 11ನೇ ಕ್ಲಾಸ್ ಪರೀಕ್ಷೆಗೆ ಹೋದ ಹುಡುಗ. ನಿಮ್ಮ ಚಿಕ್ಕ ಮಗಳೂ ಪಕ್ಕ ಕೂತು ನೋಡ್ತಾಳೆ ಅಂದ್ರಿ, ಅವಳನ್ನ ಬಿಡ್ಬೇಡಿ. ಆ ಮನೇಲಿ ಮೊದ್ಲು ಕ್ಲಾಸಿಗೆ ಹೋಗಿದ್ದೇ ಅಕ್ಕ ವೈಶಾಲಿ, ಟಿವಿ ಜಾಸ್ತಿ ನೋಡ್ತಾಳೆ ಅಂತ ಹಾಕಿದ್ದು, ಅವಳನ್ನ ನೋಡಿ ತಮ್ಮ ಹಿಡ್ಕೊಂಡ, ಈಗ ಇಬ್ರೂ ಜಿಎಂ.

ನಮ್ಮ ಕಡೆ ಯಾರಿದ್ದಾರೆ ಅಂದ್ರೆ, ಮೈಸೂರಿನ ತೇಜ್‌ಕುಮಾರ್. ರೈಲ್ವೆ ಕೆಲಸದಲ್ಲಿ ಇದ್ಕೊಂಡೇ ಆಡಿ 2017ರಲ್ಲಿ ಕರ್ನಾಟಕದ ಮೊದಲ್ನೇ ಜಿಎಂ, ದೇಶಕ್ಕೆ 50ನೆಯವರು, ಆಗ ವಯಸ್ಸು 36! ಬೆಂಗಳೂರಿನ ಪ್ರಣವ್ ಆನಂದ್ 2022ರಲ್ಲಿ 15ಕ್ಕೇ ಆದ, 76ನೆಯವನು. ಮತ್ತೆ ನಮ್ಮ ಶಿವಮೊಗ್ಗದ ಜಿ.ಎ. ಸ್ಟ್ಯಾನಿ ಜಿಎಂ ಅಂತ ಈ ಗುಂಪಲ್ಲೇ ಅರ್ಧ ಜನಕ್ಕೆ ಗೊತ್ತಿಲ್ಲ, ಸಿಂಗಪುರದ್ದು ಮಾತ್ರ ಎಲ್ಲಾ ಫಾರ್ವರ್ಡ್ ಮಾಡ್ತೀರಿ.

ಜಿಎಂ ಅಂದ್ರೆ ರೇಟಿಂಗ್ 2500 ಮುಟ್ಬೇಕು, ಅದ್ರ ಜೊತೆ ಸಾಮಾನ್ಯವಾಗಿ ಮೂರು ನಾರ್ಮ್ (ಬಿರುದಿಗೆ ಲೆಕ್ಕಕ್ಕೆ ಬರೋ ಟೂರ್ನಮೆಂಟ್ ಸಾಧನೆ), ಒಂದೊಂದಕ್ಕೂ 2600 ಮಟ್ಟದ ಆಟ, ಅದೂ ಜಿಎಂಗಳು ಇರೋ ಟೂರ್ನಮೆಂಟಲ್ಲಿ. ದುಡ್ಡು ಖರ್ಚಾಗೋದು ಆ ಹಂತದಲ್ಲಿ, ಹಂಗೇರಿ ಸರ್ಬಿಯಾ ಅಂತ ಓಡಾಡ್ಬೇಕಾದಾಗ. ನಿಮ್ಮ ಹುಡುಗಂಗೆ ಇನ್ನೂ ಫಿಡೆ (ಅಂತಾರಾಷ್ಟ್ರೀಯ ಚೆಸ್ ಸಂಸ್ಥೆ) ರೇಟಿಂಗೇ ಇಲ್ಲ, ಅದು ಶುರುವಾಗೋದೇ 1400ರಿಂದ, ಮೊಬೈಲ್ ನಂಬರ್ ಅಲ್ಲಿ ಲೆಕ್ಕಕ್ಕಿಲ್ಲ. ಅಷ್ಟಕ್ಕೆ ಈಗ್ಲೇ ಮನೆ ಖಾಲಿ ಮಾಡಿ ಚೆನ್ನೈಗೆ ಯಾಕೆ.

ಸದ್ಯಕ್ಕೆ ಒಂದು ಬಟ್ಟೆ ಬೋರ್ಡು, ಒಂದು ಗಡಿಯಾರ, ಇನ್ನೂರು ಪುಟದ ಗೆರೆ ನೋಟ್‌ಬುಕ್ ತಗೊಳ್ಳಿ. ದಿನಕ್ಕೆ ಒಂದೇ ಉದ್ದದ ಆಟ, ಎಲ್ಲಾ ನಡೆ ಬರೀಬೇಕು, ಸೋತ ಆಟನ ಮಾರನೇ ದಿನ ಎಂಜಿನ್ ಇಲ್ದೆ ಮತ್ತೆ ಇಟ್ಟು ಎಲ್ಲಿ ತಪ್ತು ಅಂತ ಅವನೇ ಹೇಳ್ಬೇಕು. ಅತ್ತಿಗೆಗೆ ಆಟ ಬರಲ್ಲ ಅಂದ್ರೂ ಪರ್ವಾಗಿಲ್ಲ, ಪಕ್ಕ ಕೂತು "ಇದ್ಯಾಕೆ ಇಟ್ಟೆ" ಅಂತ ಕೇಳಿದ್ರೆ ಸಾಕು. ನಮ್ಮನೆ ಹುಡುಗ ಒಂದು ವರ್ಷ ಹೀಗೆ ಮಾಡ್ದ, ಚಾಂಪಿಯನ್ ಏನಾಗ್ಲಿಲ್ಲ, ಆದ್ರೆ ಹೋದ ಸಲ ಮೂರೂವರೆ ತಾಸು ಕುರ್ಚಿ ಬಿಟ್ಟು ಏಳ್ಲಿಲ್ಲ. ಆಟ ಡ್ರಾ.

ಮಳೆ ಸ್ವಲ್ಪ ಹೊಳವಾದ್ಮೇಲೆ ಒಂದು ಭಾನುವಾರ ಇಬ್ರೂ ಮಕ್ಳನ್ನ ಕರ್ಕೊಂಡು ಬನ್ನಿ ಅಣ್ಣ, ನಮ್ಮ ಹುಡುಗನ ಜೊತೆ ಆಡ್ಸಣ. ಮೊಬೈಲ್ ಮನೇಲೇ ಬಿಟ್ಟು ಬರ್ಲಿ, ನೋಟ್‌ಬುಕ್ ತರ್ಲಿ. ರಿಪ್ಪನ್‌ಪೇಟೆ ದಾಟಿದ್ಮೇಲೆ ಫೋನ್ ಮಾಡಿ, ದಾರಿ ಹೇಳ್ತೀನಿ.