ನೀವು ಕೇಳಿದಿರಿ: ಒಂದು ತುಂಡು ದವಡೆಯ ಕಥೆ

ಪ್ರಶ್ನೆ: ರಾಮಾಪಿಥೆಕಸ್ ಮನುಷ್ಯನ ಪೂರ್ವಜ ಎಂದು ಶಾಲೆಯಲ್ಲಿ ಓದಿದ್ದೆ. ಈಚಿನ ಲೇಖನಗಳಲ್ಲಿ ಆ ಹೆಸರೇ ಕಾಣುವುದಿಲ್ಲ. ಏನಾಯಿತು?

ಉತ್ತರ: ಪೂರ್ವಜರ ಸಾಲಿನಿಂದ ಅದು ಹೊರಬಿದ್ದು ನಲವತ್ತು ವರ್ಷ ದಾಟಿತು. 1932ರಲ್ಲಿ ಪಳೆಯುಳಿಕೆ ತಜ್ಞ ಜಿ. ಎಡ್ವರ್ಡ್ ಲೂಯಿಸ್ ಅವರಿಗೆ ಹಿಮಾಚಲದ ಹರಿತಲ್ಯಾಂಗರ್ ಬಳಿ, ಹಿಮಾಲಯದ ತಪ್ಪಲಿನ ಶಿವಾಲಿಕ್ ಶಿಲಾಪದರಗಳಲ್ಲಿ ಸಿಕ್ಕಿದ್ದು ಮೇಲ್ದವಡೆಯ ಒಂದು ಬದಿಯ ತುಂಡು ಮಾತ್ರ. ಇನ್ನೊಂದು ಬದಿಯನ್ನು ಕನ್ನಡಿಬಿಂಬದಂತೆ ಊಹಿಸಿ ಜೋಡಿಸಬೇಕು. ಆದರೆ ನಡುಗೆರೆ ಎಲ್ಲಿ ಎಂಬುದೇ ತಿಳಿಯದಿದ್ದರೆ? ತುಂಡನ್ನು ತುಸು ಹೊರಕ್ಕೆ ತಿರುಗಿಸಿದರೆ ಹಲ್ಲಿನ ಸಾಲು ನಮ್ಮದರಂತೆ ಹಿಂದಕ್ಕೆ ಅಗಲವಾಗುತ್ತದೆ, ಒಳಕ್ಕೆ ತಿರುಗಿಸಿದರೆ ವಾನರರದರಂತೆ (ಇಲ್ಲಿ ವಾನರ ಎಂದರೆ ಕೋತಿಯಲ್ಲ, ಚಿಂಪಾಂಜಿ, ಒರಾಂಗುಟಾನ್‌ನಂಥ ಬಾಲವಿಲ್ಲದವು) ಎರಡೂ ಬದಿ ಸಮಾನಾಂತರ. 1960ರ ದಶಕದಲ್ಲಿ ಪಳೆಯುಳಿಕೆ ತಜ್ಞರಾದ ಎಲ್ವಿನ್ ಸೈಮನ್ಸ್ ಮತ್ತು ಡೇವಿಡ್ ಪಿಲ್‌ಬೀಮ್ ಕಂಡದ್ದು ಮೊದಲನೆಯ ರೂಪವನ್ನು. ಚಿಕ್ಕ ಕೋರೆಹಲ್ಲು, ದಪ್ಪ ಎನಾಮೆಲ್ (ಹಲ್ಲಿನ ಹೊರಗಿನ ಗಟ್ಟಿ ಪದರ) ಅವರ ವಾದಕ್ಕೆ ಬಲ ಕೊಟ್ಟವು.

ಮೊದಲ ಪೆಟ್ಟು ಬಂದದ್ದು ಪ್ರಯೋಗಾಲಯದಿಂದ. 1967ರಲ್ಲಿ ವಿಜ್ಞಾನಿಗಳಾದ ಸಾರಿಚ್ ಮತ್ತು ವಿಲ್ಸನ್ ರಕ್ತದ ಪ್ರೋಟೀನುಗಳನ್ನು ಹೋಲಿಸಿ, ಮಾನವ ಮತ್ತು ಚಿಂಪಾಂಜಿ ಕವಲೊಡೆದು ಸುಮಾರು 50 ಲಕ್ಷ ವರ್ಷವಷ್ಟೇ ಆಗಿದೆ ಎಂದರು. ರಾಮಾಪಿಥೆಕಸ್ ಅದಕ್ಕಿಂತ ಬಹಳ ಹಳೆಯದು, ಹಾಗಾಗಿ ಮಾನವ ಕವಲಿನದಾಗಿರಲಾರದು. ಕೊನೆಗೆ ಪಾಕಿಸ್ತಾನದ ಪೋಟ್ವಾರ್ ಪ್ರಸ್ಥಭೂಮಿಯಲ್ಲಿ, ರಾಮಾಪಿಥೆಕಸ್‌ಗೆ ತೀರ ಹತ್ತಿರದ ಪ್ರಾಚೀನ ವಾನರ ಶಿವಾಪಿಥೆಕಸ್‌ನ ಮುಖವೇ ಸಿಕ್ಕಿತು. ಹತ್ತಿರ ಹತ್ತಿರದ ಕಣ್ಣುಗುಳಿಗಳು, ಒಳಬಾಗಿದ ಮುಖ: ಒರಾಂಗುಟಾನ್ ಎಂದೇ ಹೇಳಬೇಕು. 1982ರಲ್ಲಿ ಅದನ್ನು ವಿವರಿಸಿದವರು ಸ್ವತಃ ಪಿಲ್‌ಬೀಮ್. ತಮ್ಮ ಹಳೆಯ ನಿಲುವನ್ನು ಅವರು ಕೈಬಿಟ್ಟದ್ದು ದೊಡ್ಡ ಮಾತು. ಈಗ ರಾಮಾಪಿಥೆಕಸ್ ಎಂದರೆ ಬಹುಪಾಲು ಹೆಣ್ಣು ಶಿವಾಪಿಥೆಕಸ್. ಕೋರೆಹಲ್ಲು ಚಿಕ್ಕದಾಗಿದ್ದದ್ದು ಅದಕ್ಕೇ.

ಪ್ರಶ್ನೆ: 32 ಲಕ್ಷ ವರ್ಷ ಹಳೆಯ ಮಾನವಪೂರ್ವ ಅಸ್ಥಿಪಂಜರ ‘ಲೂಸಿ’ಯ ವಯಸ್ಸನ್ನು ಕಾರ್ಬನ್ ಪರೀಕ್ಷೆಯಿಂದ ಕಂಡುಹಿಡಿದರೇ?

ಉತ್ತರ: ಇಲ್ಲ. ಕಾರ್ಬನ್-14 ಎಂಬ ವಿಕಿರಣಶೀಲ ಇಂಗಾಲ ಪ್ರತಿ 5,730 ವರ್ಷಕ್ಕೆ ಅರ್ಧವಾಗುತ್ತದೆ. 50,000 ವರ್ಷದ ಹೊತ್ತಿಗೆ ಉಳಿಯುವುದು ಶೇ. 0.3ಕ್ಕೂ ಕಡಿಮೆ. ಹೊರಗಿನ ಇಂದಿನ ಇಂಗಾಲ ಶೇ. 1ರಷ್ಟು ಬೆರೆತರೂ ಸಾಕು, ಲಕ್ಷಾಂತರ ವರ್ಷದ ಮೂಳೆ 38,000 ವರ್ಷದ್ದೆಂದು ತೋರುತ್ತದೆ.

ಲೂಸಿ ಸಿಕ್ಕಿದ ಇಥಿಯೋಪಿಯಾದ ಹಡಾರ್‌ನಲ್ಲಿ ಅಳೆದದ್ದು ಮೂಳೆಯನ್ನಲ್ಲ, ಅಲ್ಲಿನ ಜ್ವಾಲಾಮುಖಿ ಬೂದಿಯ ಪದರಗಳನ್ನು. ಶಿಲೆ ಕರಗಿದ್ದಾಗ ಆರ್ಗಾನ್ ಅನಿಲ ಹಾರಿಹೋಗುತ್ತದೆ. ಹರಳುಗಟ್ಟಿದ ಮೇಲೆ ಪೊಟ್ಯಾಸಿಯಂನಿಂದ ಹುಟ್ಟುವ ಆರ್ಗಾನ್ ಒಳಗೇ ಕೂಡಿಕೊಳ್ಳುತ್ತದೆ. ಅದರ ಪ್ರಮಾಣದಿಂದ ವಯಸ್ಸು ತಿಳಿಯುತ್ತದೆ. ಹಳೆಯ ಬಂಡೆಯ ಹರಳು ಬೆರೆತರೆ ವಯಸ್ಸು ಹೆಚ್ಚಾಗಿ, ಹರಳು ಶಿಥಿಲವಾಗಿ ಅನಿಲ ಸೋರಿದ್ದರೆ ಕಡಿಮೆಯಾಗಿ ಬರುತ್ತದೆ. ಅದಕ್ಕೇ ಲೇಸರ್‌ನಿಂದ ಒಂದೊಂದೇ ಹರಳನ್ನು ಕಾಯಿಸಿ ಅಳೆಯುತ್ತಾರೆ. ಇಷ್ಟೆಲ್ಲ ಮಾಡಿದರೂ, ಮೂಳೆ ಯಾವ ಪದರದಿಂದ ಕೊಚ್ಚಿ ಬಂದದ್ದೆಂದು ತಿಳಿಯದಿದ್ದರೆ ಆ ಅಂಕಿಯಿಂದ ಪ್ರಯೋಜನವಿಲ್ಲ.

ಪ್ರಶ್ನೆ: ಒಂದೇ ಹಲ್ಲು ನೋಡಿ ಕೋತಿಯೋ ವಾನರವೋ ಹೇಳಬಹುದೇ?

ಉತ್ತರ: ಕೆಳದವಡೆಯ ದವಡೆಹಲ್ಲಾದರೆ ಸಾಮಾನ್ಯವಾಗಿ ಹೇಳಬಹುದು. ಆಫ್ರಿಕಾ, ಏಷ್ಯಾದ ಕೋತಿಗಳಲ್ಲಿ ನಾಲ್ಕು ಉಬ್ಬುಗಳು ಎರಡು ಅಡ್ಡ ಏಣುಗಳಾಗಿ ಕೂಡಿರುತ್ತವೆ (ಕೊನೆಯ ಹಲ್ಲಿನಲ್ಲಿ ಹಿಂದೆ ಒಂದು ಹೆಚ್ಚುವರಿ ಉಬ್ಬು ಇರುವುದುಂಟು). ವಾನರರಲ್ಲಿ, ನಮ್ಮಲ್ಲೂ, ಐದು ಉಬ್ಬುಗಳ ನಡುವೆ ಕವಲೊಡೆದ ಗೀರು ಇರುತ್ತದೆ. ಹಲ್ಲು ಸವೆದು ಉಬ್ಬು ಅಳಿಸಿದ್ದರೆ ಸಿಟಿ ಸ್ಕ್ಯಾನ್ ಮಾಡಿ, ಎನಾಮೆಲ್ ಕೆಳಗಿನ ಡೆಂಟಿನ್ ಎಂಬ ಪದರದ ಮೇಲ್ಮೈಯಲ್ಲಿ ಅದೇ ವಿನ್ಯಾಸವನ್ನು ಹುಡುಕುತ್ತಾರೆ.