ನಾನೂರ ಹನ್ನೆರಡು ಜನರ ಕಂಪನಿ

ಆಷಾಢದ ಶುಕ್ರವಾರ. ಚಾಮುಂಡಿ ಬೆಟ್ಟಕ್ಕೆ ಹೋಗುವವರ ನೂಕುನುಗ್ಗಲು. ಹತ್ತೂವರೆಗೆ ಬರಬೇಕಿದ್ದ ತಂದೆ ಮಗ ನನ್ನ ಆಪ್ತಸಲಹೆಯ ಕೊಠಡಿಗೆ ಬಂದಾಗ ಹನ್ನೆರಡು ದಾಟಿತ್ತು. ತಂದೆಯ ಕೈಯಲ್ಲಿ ಬೆಟ್ಟದ ಪ್ರಸಾದದ ಪೊಟ್ಟಣ, ಮಗನ ಕೈಯಲ್ಲಿ ಇನ್ನೂರು ಪುಟದ ನೋಟ್‌ಬುಕ್. ತಂದೆ ಪೊಟ್ಟಣವನ್ನು ಮೇಜಿನ ಮೇಲಿಟ್ಟು, "ಮೊದಲು ತಾಯಿಗೆ ಹೇಳಿ ಬಂದೆ, ಈಗ ನಿಮಗೆ ಹೇಳುತ್ತೇನೆ ಮೇಡಂ" ಎಂದರು. ಮಗ ನೋಟ್‌ಬುಕ್ಕನ್ನು ಕೆಳಗಿಡಲಿಲ್ಲ.

ಹುಡುಗನನ್ನು ಚಂದ್ರು ಎನ್ನುತ್ತೇನೆ. ಅದು ಅವನ ಹೆಸರಲ್ಲ. ಬರೆಯಲು ಅವನ ಒಪ್ಪಿಗೆ ಇದೆ, ಆದರೂ ಊರು, ಓದು, ಮನೆಯ ವಿವರಗಳನ್ನು ಗುರುತು ಸಿಗದಷ್ಟು ಬದಲಿಸಿದ್ದೇನೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 23ನೇ ಕಲಂ ಗೋಪ್ಯತೆಯನ್ನು ಹಕ್ಕೆಂದೇ ಹೇಳುತ್ತದೆ. ಕಾಯ್ದೆಯ ಮಾತು ಹಾಗಿರಲಿ, 'ತಲೆ ಡಾಕ್ಟರ ಹತ್ತಿರ ಹೋಗಿದ್ದನಂತೆ' ಎಂಬ ಮಾತು ಮಂಡ್ಯದ ಹಳ್ಳಿಗಳಲ್ಲಿ ಹೆಣ್ಣು ನೋಡುವ ಹೊತ್ತಿಗೆ ಹೇಗೆ ಮೇಲೆದ್ದು ಬರುತ್ತದೆ ಎಂದು ಬಲ್ಲವರು ಬದಲಿಸದೆ ಬರೆಯಲಾರರು.

ಚಂದ್ರುವಿಗೆ ಇಪ್ಪತ್ಮೂರು ವರ್ಷ. ಪದವಿಯಲ್ಲಿ ಎರಡು ಪೇಪರ್ ಉಳಿದಿದ್ದವು. ಮನೆಯಲ್ಲಿ ಎರಡು ಎಕರೆ ನಾಲೆ ಬಯಲಿನ ಜಮೀನು, ಅದರಲ್ಲಿ ಕಬ್ಬು. ಎಂಟು ತಿಂಗಳಿಂದ ಅವನು ಮಾಳಿಗೆಯ ಕೋಣೆ ಬಿಟ್ಟು ಇಳಿಯುತ್ತಿರಲಿಲ್ಲ. ರಾತ್ರಿ ಎಚ್ಚರ, ಹಗಲು ನಿದ್ದೆ. ಒಬ್ಬನೇ ನಗುತ್ತಾನೆ, ಸ್ನಾನಕ್ಕೆ ಎರಡೆರಡು ದಿನ ಗೋಗರೆಯಬೇಕು, ಪರೀಕ್ಷೆ ಶುಲ್ಕಕ್ಕೆ ಕೊಟ್ಟ ಹಣವನ್ನು ಹಾಗೇ ವಾಪಸು ತಂದಿಟ್ಟು "ಮಾಲೀಕನಿಗೆ ಡಿಗ್ರಿ ಯಾಕಪ್ಪ" ಎಂದನಂತೆ. ಯಾವುದರ ಮಾಲೀಕ ಎಂದು ಮನೆಯವರಿಗೆ ತಿಳಿದದ್ದು ನೋಟ್‌ಬುಕ್ಕುಗಳು ಸಿಕ್ಕಮೇಲೆ.

ಅದೊಂದು ಬೆಲ್ಲದ ಕಂಪನಿ. ನೌಕರರು ನಾನೂರ ಹನ್ನೆರಡು. ಪ್ರತಿಯೊಬ್ಬರಿಗೂ ಹೆಸರು, ಸಂಬಳ, ರಜೆಯ ಲೆಕ್ಕ. ಕಬ್ಬನ್ನು ಒಂದು ಕಡೆ ಹಾಕಿದರೆ ಮೂರು ನಿಮಿಷದಲ್ಲಿ ಇನ್ನೊಂದು ಕಡೆ ಬೆಲ್ಲ ಬೀಳುವ ಯಂತ್ರದ ಚಿತ್ರ. ಚಿಕ್ಕಪ್ಪನ ಮಗನಿಗೆ ನೇಮಕಾತಿ ಪತ್ರವನ್ನೂ ಕೊಟ್ಟಿದ್ದ. ಅವನು ಅದನ್ನು ಊರಿನ ಕಟ್ಟೆಯ ಮೇಲೆ ಓದಿ ಎಲ್ಲರನ್ನೂ ನಗಿಸಿದ. ಮನಸ್ಸಿನಲ್ಲೇ ಮಂಡಿಗೆ ತಿನ್ನುತ್ತಾನೆ ಎಂದರು ಕೆಲವರು, ತಲೆ ಕೆಟ್ಟಿದೆ ಎಂದರು ಕೆಲವರು. ತಾಯಿ ಎರಡನೆಯದನ್ನು ನಂಬಿ ಒಂದು ನೋಟ್‌ಬುಕ್ಕನ್ನು ಒಲೆಗೆ ಹಾಕಿದರು. ಚಂದ್ರು ಮೂರು ದಿನ ಊಟ ಬಿಟ್ಟ.

ಇಲ್ಲಿ ನನ್ನದೇ ಒಂದು ತಪ್ಪನ್ನು ಹೇಳಬೇಕು. ಮೊದಲ ಭೇಟಿಯಲ್ಲಿ ಅವನು ಅಚ್ಚುಕಟ್ಟಾಗಿ, ಸ್ವಲ್ಪ ನಾಚಿಕೆಯಿಂದ ಮಾತಾಡಿದ್ದನ್ನು ಕಂಡು, ಲೆಕ್ಕ ತೋರಿಸಿಕೊಟ್ಟರೆ ಅರ್ಥವಾಗುವ ಹುಡುಗ ಎಂದುಕೊಂಡೆ. ಎರಡನೆಯ ಭೇಟಿಯಲ್ಲಿ ಕಾಗದ ಹಿಡಿದು ಕುಳಿತೆ. ನಾನೂರು ಜನರ ಸಂಬಳ ತಿಂಗಳಿಗೆ ಎಷ್ಟು, ಬಂಡವಾಳ ಎಲ್ಲಿಂದ, ಪರವಾನಗಿ ಯಾರು ಕೊಡುತ್ತಾರೆ, ಎರಡು ಎಕರೆಯ ಕಬ್ಬು ಯಂತ್ರಕ್ಕೆ ಎಷ್ಟು ಹೊತ್ತು ಸಾಕಾಗುತ್ತದೆ? ಅವನು ಎಲ್ಲಕ್ಕೂ ತಲೆಯಾಡಿಸಿದ. ಗೆದ್ದೆ ಎಂದುಕೊಂಡು ಮನೆಗೆ ಹೋದೆ. ಮುಂದಿನ ವಾರ ಅವನು ತಂದ ನೋಟ್‌ಬುಕ್ಕಿನಲ್ಲಿ ಕಂಪನಿಗೆ ಹೊಸದೊಂದು ಅಂತಸ್ತು ಎದ್ದಿತ್ತು, ಹಣಕಾಸು ವಿಭಾಗ. ಅದರ ಮುಖ್ಯ ಸಲಹೆಗಾರರು ನಾನು. ಸಂಬಳ ಒಂದೂವರೆ ಲಕ್ಷ.

ವಾದದಿಂದ ಕೆಡವಲು ಹೊರಟ ಕಟ್ಟಡ ನನ್ನ ವಾದವನ್ನೇ ಇಟ್ಟಿಗೆ ಮಾಡಿಕೊಂಡು ಬೆಳೆದಿತ್ತು. ಆಗ ನನಗೆ ಎಚ್ಚರವಾಯಿತು. ಮೊದಲ ದಿನವೇ ಮಾಡಬೇಕಿದ್ದ ಕೆಲಸವನ್ನು ಆಗ ಮಾಡಿದೆ: ಮನೋವೈದ್ಯರ ಬಳಿಗೆ ಕಳಿಸಿದೆ. ಈ ವಯಸ್ಸಿನ ಹುಡುಗ ತಿಂಗಳುಗಟ್ಟಲೆ ಜನರಿಂದ ದೂರವಾಗಿ, ನಿದ್ದೆ ಕೆಟ್ಟು, ಸ್ನಾನ ಬಿಟ್ಟು, ತನ್ನಷ್ಟಕ್ಕೆ ನಗುತ್ತಿದ್ದರೆ ಅದು ವಾಸ್ತವದ ಅರಿವನ್ನೇ ಕದಡುವ ಸ್ಕಿಜೋಫ್ರೇನಿಯಾ ಎಂಬ ಮನೋರೋಗದ ಮುಂಬಾಗಿಲು ಇದ್ದರೂ ಇರಬಹುದು. ಆಪ್ತಸಲಹೆಗಾರರು ಅದನ್ನು ಊಹೆಯ ಮೇಲೆ ತಳ್ಳಿಹಾಕಬಾರದು.

ವೈದ್ಯರು ಎರಡು ಸಲ ನೋಡಿದರು. ಗಾಂಜಾ ಸೇದುತ್ತಾನೆಯೇ, ಮನೆತನದಲ್ಲಿ ಯಾರಿಗಾದರೂ ಕಾಯಿಲೆ ಇತ್ತೇ, ಇಲ್ಲದ ದನಿ ಕೇಳಿಸುತ್ತದೆಯೇ, ತನ್ನ ಯೋಚನೆಯನ್ನು ಬೇರೆಯವರು ಕದಿಯುತ್ತಾರೆ ಅನ್ನಿಸುತ್ತದೆಯೇ ಎಂದೆಲ್ಲ ಕೇಳಿದರು. ಥೈರಾಯ್ಡ್ ಪರೀಕ್ಷೆಯೂ ಆಯಿತು. "ನಾಳೆ ಬೆಳಿಗ್ಗೆ ನಿಮ್ಮ ಕಂಪನಿಗೆ ಎಷ್ಟು ಜನ ಬರುತ್ತಾರೆ?" ಎಂಬ ಪ್ರಶ್ನೆಗೆ ಚಂದ್ರು ನೆಲ ನೋಡಿ, "ಯಾರೂ ಬರುವುದಿಲ್ಲ ಸರ್. ಆದರೆ ಇದ್ದಾರೆ" ಎಂದನಂತೆ. ಖಿನ್ನತೆ ಇದೆ, ಅದಕ್ಕೆ ಔಷಧಿ ಬೇಕು. ಉಳಿದದ್ದನ್ನು ಕೆಲವು ತಿಂಗಳು ಹತ್ತಿರದಿಂದ ಗಮನಿಸಬೇಕು ಎಂದು ವೈದ್ಯರು ತೀರ್ಮಾನಿಸಿದರು. ಚೀಟಿಯಲ್ಲಿ ಯೋಚನೆಯ ಬಗೆ ಎಂಬಲ್ಲಿ ಒಂದು ಪದ ಬರೆದಿದ್ದರು: ಡಿರಿಯಿಸ್ಟಿಕ್.

ಆ ಪದ ಇನ್ನೊಂದು ರಂಪ ಎಬ್ಬಿಸಿತು. ನೇಮಕಾತಿ ಪತ್ರ ಓದಿ ನಗಿಸಿದ್ದ ಅದೇ ಚಿಕ್ಕಪ್ಪನ ಮಗ ಮೊಬೈಲ್‌ನಲ್ಲಿ ಪದವನ್ನು ಹುಡುಕಿದ. ಅದಕ್ಕೆ ಸಮಾನಪದ 'ಆಟಿಸ್ಟಿಕ್ ಚಿಂತನೆ' ಎಂದು ಸಿಕ್ಕಿತು. ಮರುದಿನ ತಂದೆ ನನ್ನೆದುರು ಕುಳಿತು, "ಇವನಿಗೆ ಹುಟ್ಟಿನಿಂದಲೇ ಆಟಿಸಂ ಇತ್ತಂತೆ, ನಮಗೆ ಗೊತ್ತೇ ಆಗಲಿಲ್ಲವೇ ಮೇಡಂ?" ಎಂದು ಟವೆಲಿನಿಂದ ಕಣ್ಣೊರೆಸಿಕೊಂಡರು.

ತಪ್ಪು ಅವರದಲ್ಲ, ಪದದ್ದು. ಸ್ವಿಟ್ಜರ್ಲೆಂಡಿನ ಜ್ಯೂರಿಚ್‌ನಲ್ಲಿ ಮಾನಸಿಕ ಆಸ್ಪತ್ರೆ ನಡೆಸುತ್ತಿದ್ದ ಆಯ್ಗನ್ ಬ್ಲಾಯ್ಲರ್ ಸ್ಕಿಜೋಫ್ರೇನಿಯಾ ಎಂಬ ಹೆಸರನ್ನು ಕೊಟ್ಟ ವೈದ್ಯ. 1911ರ ತನ್ನ ಗ್ರಂಥದಲ್ಲಿ, ರೋಗಿಗಳು ಹೊರಜಗತ್ತಿಗೆ ಬೆನ್ನು ತಿರುಗಿಸಿ ಒಳಗಿನ ಲೋಕದಲ್ಲೇ ಬದುಕುವುದಕ್ಕೆ ಅವನು 'ಆಟಿಸಂ' ಎಂದ. ಗ್ರೀಕ್‌ನಲ್ಲಿ 'ಆಟೋಸ್' ಎಂದರೆ ತಾನು. ಈ ಮಾತನ್ನು ಜನ ನಾನಾ ರೀತಿಯಲ್ಲಿ ತಪ್ಪಾಗಿ ತಿಳಿಯುತ್ತಿದ್ದುದರಿಂದ, ಇಂಥ ಚಿಂತನೆಗೆ ಡಿರಿಯಿಸ್ಟಿಕ್ ಎಂಬ ಇನ್ನೊಂದು ಪದವನ್ನು ಅವನೇ ಬಳಕೆಗೆ ತಂದ. ವಾಸ್ತವದಿಂದ, ಇರುವ ವಸ್ತುವಿನಿಂದ ಬಿಡಿಸಿಕೊಂಡದ್ದು ಎಂಬ ಅರ್ಥ. ಆಮೇಲೆ 1943ರಲ್ಲಿ ಅಮೆರಿಕದಲ್ಲಿದ್ದ ಲಿಯೋ ಕ್ಯಾನರ್ ಎಂಬ ಮಕ್ಕಳ ಮನೋವೈದ್ಯ ಹಳೆಯ ಪದವನ್ನೇ ಎತ್ತಿಕೊಂಡು, ಎಳವೆಯಿಂದಲೇ ಬೇರೆ ಬಗೆಯಲ್ಲಿ ಬೆಳೆಯುವ ಮಕ್ಕಳ ಸ್ಥಿತಿಗೆ ಬಳಸಿದ. ಇಂದು ಆಟಿಸಂ ಎಂದರೆ ಲೋಕಕ್ಕೆ ತಿಳಿದಿರುವುದು ಅದು. ಚಂದ್ರುವಿನದು ಅದಲ್ಲ. ಇದನ್ನೆಲ್ಲ ತಂದೆಗೆ ಹೇಳಿದಾಗ ಅವರು ಕೇಳಿದ್ದು ಒಂದೇ: "ಹಾಗಾದರೆ ಇದು ರೋಗದ ಹೆಸರಲ್ಲವೋ?" ಅಲ್ಲ. ಯೋಚನೆಯ ಬಗೆಯ ಹೆಸರು. ಜ್ವರ ಎಂದ ಹಾಗೆ. ಜ್ವರಕ್ಕೆ ಏನು ಕಾರಣ ಎಂಬುದನ್ನು ಬೇರೆಯಾಗಿಯೇ ಹುಡುಕಬೇಕು.

ಹಗಲುಗನಸು ಯಾರಿಗಿಲ್ಲ? ಈ ಸಲ ಕಬ್ಬಿಗೆ ಒಳ್ಳೆಯ ದರ ಬಂದರೆ ಮನೆಗೆ ಇನ್ನೊಂದು ಅಂತಸ್ತು ಎಂದು ಚಂದ್ರುವಿನ ತಂದೆಯೇ ಆರು ವರ್ಷದಿಂದ ಹೇಳುತ್ತಿದ್ದಾರೆ. ಆದರೆ ಕಾರ್ಖಾನೆಯಿಂದ ಬಿಲ್ಲು ಬಂದ ದಿನ ಅವರು ಆ ಅಂತಸ್ತನ್ನು ಮುಂದಿನ ವರ್ಷಕ್ಕೆ ದೂಡುತ್ತಾರೆ. ಅವರ ಕನಸಿಗೆ ಹೊರಗಿನ ಸುದ್ದಿ ತಲುಪುತ್ತದೆ. ಡಿರಿಯಿಸ್ಟಿಕ್ ಎನ್ನುವ ಚಿಂತನೆಗೆ ತಲುಪುವುದಿಲ್ಲ, ತಲುಪಿದರೂ ತನಗೆ ಬೇಕಾದ ಹಾಗೆ ತಿರುಗಿಸಿಕೊಳ್ಳುತ್ತದೆ. ಬಯಕೆಯೇ ಅಲ್ಲಿ ತರ್ಕ. ಎರಡು ಮಾತು ಪರಸ್ಪರ ಹೊಂದದಿದ್ದರೂ ಮುಜುಗರವಿಲ್ಲ. ಯಾರೂ ಬರುವುದಿಲ್ಲ, ಆದರೆ ಇದ್ದಾರೆ. ಇದಕ್ಕಿಂತ ಆಚೆಯದು ಅಲುಗಾಡದ ತಪ್ಪು ನಂಬಿಕೆ: "ನಾನೂರು ಜನ ಗೇಟಿನ ಹತ್ತಿರ ಕಾಯುತ್ತಿದ್ದಾರೆ, ನಿಮಗೆ ಕಾಣುತ್ತಿಲ್ಲ ಅಷ್ಟೆ" ಎಂದಿದ್ದರೆ ನಾನು ಈ ಪ್ರಕರಣವನ್ನು ಬೇರೆ ರೀತಿ ಬರೆಯಬೇಕಾಗುತ್ತಿತ್ತು. ಅಂದಹಾಗೆ, ಇಂಥ ಚಿಂತನೆ ವೈದ್ಯರಲ್ಲೂ ಬೇಕಾದಷ್ಟಿದೆ ಎಂದು ಬ್ಲಾಯ್ಲರ್ 1919ರಲ್ಲಿ ಒಂದು ಪುಸ್ತಕವನ್ನೇ ಬರೆದಿದ್ದಾನೆ. ಗೆದ್ದೆ ಎಂದುಕೊಂಡು ಮನೆಗೆ ಹೋದ ಸಂಜೆಯನ್ನು ನೆನೆದರೆ ಅದರಲ್ಲಿ ನನಗೂ ಒಂದು ಪುಟ ಇರಬೇಕು.

ಔಷಧಿ ಶುರುವಾಗಿ ಮೂರು ವಾರಕ್ಕೆ ನಿದ್ದೆ ಹತ್ತಿತು. ಆಮೇಲೆ ನಾನು ಕಂಪನಿಯನ್ನು ಕೆಡವುವುದು ಬಿಟ್ಟು, ಒಳಗೆ ಸುತ್ತಾಡಿಸು ಎಂದೆ. ಅವನು ತೋರಿಸಿದ. ಮತ್ತೆ ಮತ್ತೆ ಬರುವ ಒಂದು ದೃಶ್ಯವಿತ್ತು: ಒಬ್ಬ ಮನುಷ್ಯ ಕೆಲಸ ಕೇಳಿಕೊಂಡು ಬಂದು ಹೊರಗಿನ ಬೆಂಚಿನ ಮೇಲೆ ಕಾಯುತ್ತಾನೆ. ಚಂದ್ರು ಅವನನ್ನು ಸಂಜೆಯವರೆಗೆ ಕಾಯಿಸಿ, ಕಾಫಿ ಕೊಡಿಸಿ, ನಾಳೆ ಬನ್ನಿ ಎನ್ನುತ್ತಾನೆ. ಯಾರು ಅವರು? ಬಹಳ ಹೊತ್ತಿನ ಮೇಲೆ ಹೇಳಿದ. ಎರಡನೇ ವರ್ಷದಲ್ಲಿ ತರಗತಿಯ ಎದುರು ಅವನ ಅಂಕಗಳನ್ನು ಜೋರಾಗಿ ಓದಿ, "ಕಬ್ಬು ಕಡಿಯುವುದಕ್ಕೆ ಇಷ್ಟು ಸಾಕು" ಎಂದಿದ್ದ ಅಧ್ಯಾಪಕ. ನಾನೂರ ಹನ್ನೆರಡು ನೌಕರರು ಸೇರಿ ನಿಂತಿದ್ದು ಆ ಒಬ್ಬನನ್ನು ಬೆಂಚಿನ ಮೇಲೆ ಕೂರಿಸುವುದಕ್ಕೆ. ಅವತ್ತು ನಾವು ಬೇರೇನೂ ಮಾತಾಡಲಿಲ್ಲ.

ಮುಂದಿನ ಭೇಟಿಯಲ್ಲಿ ಕೇಳಿದೆ: "ಒಂದು ಟನ್ ಕಬ್ಬಿಗೆ ಎಷ್ಟು ಬೆಲ್ಲ ಬರುತ್ತದೆ ಚಂದ್ರು?" ಗೊತ್ತಿರಲಿಲ್ಲ. ಅವನ ಮನೆಯಿಂದ ಅರ್ಧ ಕಿಲೋಮೀಟರಿಗೆ ಒಂದು ಆಲೆಮನೆ ಇತ್ತು. ನಾನು ಕೊಟ್ಟ ಕೆಲಸ ಇಷ್ಟೇ. ವಾರಕ್ಕೆ ಮೂರು ದಿನ ಬೆಳಿಗ್ಗೆ ಅಲ್ಲಿಗೆ ಹೋಗಿ ಒಂದು ಗಂಟೆ ನಿಲ್ಲಬೇಕು. ನೋಟ್‌ಬುಕ್ಕಿನ ಪುಟದ ನಡುವೆ ಗೆರೆ ಎಳೆದು ಎಡಕ್ಕೆ 'ಮನಸ್ಸಿನಲ್ಲಿ', ಬಲಕ್ಕೆ 'ಕಣ್ಣಿನಲ್ಲಿ' ಎಂದು ಬರೆಯಬೇಕು. ಎಡಗಡೆ ಏನು ಬೇಕಾದರೂ ಇರಲಿ. ಬಲಗಡೆ ತಾನೇ ನೋಡಿದ್ದು, ಕೇಳಿದ್ದು, ಮುಟ್ಟಿದ್ದು ಮಾತ್ರ.

ಮೊದಲ ವಾರ ಹೋಗಲಿಲ್ಲ. ಎರಡನೆಯ ವಾರ ಒಂದು ದಿನ. ಬಲಗಡೆ ಒಂದೇ ಸಾಲು: "ಹೊಗೆ." ಮೂರನೆಯ ವಾರದಿಂದ ಸಾಲುಗಳು ಬಂದವು. ಕೊಪ್ಪರಿಗೆಯಲ್ಲಿ ರಸ ಕುದಿದು ಪಾಕಕ್ಕೆ ಬರಲು ಎರಡು ಗಂಟೆಗೂ ಮೇಲೆ ಬೇಕು (ಎಡಗಡೆ: ಮೂರು ನಿಮಿಷ). ಒಲೆಗೆ ಬೇರೆ ಸೌದೆ ಇಲ್ಲ, ಒಣಗಿದ ಕಬ್ಬಿನ ಸಿಪ್ಪೆಯೇ ಉರುವಲು. ಕೊಳೆ ತೆಗೆಯಲು ಬೆಂಡೆ ಗಿಡದ ಲೋಳೆ ಹಾಕುತ್ತಾರೆ. ಟನ್ನಿಗೆ ಸುಮಾರು ನೂರು ಕಿಲೋ ಬೆಲ್ಲ, ಕಬ್ಬು ಬಾಡಿದ್ದರೆ ಕಡಿಮೆ. ಮಂಡ್ಯದ ಮಾರುಕಟ್ಟೆಯಲ್ಲಿ ಅಚ್ಚು, ಕುರಿಕಟ್ಟು, ಬಕೆಟ್ ಬೆಲ್ಲಕ್ಕೆ ಬೇರೆ ಬೇರೆ ದರ. ಪಾಕ ನೋಡುವವನು ಉತ್ತರ ಪ್ರದೇಶದವನು, ಕನ್ನಡ ಅರ್ಧಂಬರ್ಧ, ಆದರೆ ಬೆರಳಿನಲ್ಲಿ ಅದ್ದಿ ಎಳೆ ನೋಡಿ ಹೇಳಿದ್ದು ತಪ್ಪುವುದಿಲ್ಲ. ಈ ಕೊನೆಯ ಸಾಲಿನ ಕೆಳಗೆ ಚಂದ್ರು ಎರಡು ಗೆರೆ ಎಳೆದಿದ್ದ.

ತಂದೆ ತಾಯಿಗೆ ನಾನು ಕೊಟ್ಟ ಸಲಹೆ ಹೆಚ್ಚೇನಿರಲಿಲ್ಲ. ನೋಟ್‌ಬುಕ್ ಮುಟ್ಟಬೇಡಿ. ಕಂಪನಿಯನ್ನು ಗೇಲಿ ಮಾಡಬೇಡಿ, ಹೌದೌದು ಎಂದು ತಾಳವನ್ನೂ ಹಾಕಬೇಡಿ. "ನಿನಗೆ ಅದು ಮುಖ್ಯ ಅಂತ ಗೊತ್ತು, ನನಗೆ ಕಾಣಿಸುವುದಿಲ್ಲ" ಎಂದರೆ ಸಾಕು. ಊಟ ಮಾಳಿಗೆಗೆ ಹೋಗಬಾರದು, ಅವನು ಇಳಿದು ಬರಬೇಕು. ನಾಲೆಯ ನೀರಿನ ಸರದಿ ಬಂದ ದಿನ ಗದ್ದೆಗೆ ಕರೆದುಕೊಂಡು ಹೋಗಿ, ಏಕೆಂದರೆ ನೀರು ಯಾರ ಯೋಚನೆಗೂ ಕಾಯುವುದಿಲ್ಲ. ಮಾತ್ರೆಯನ್ನು ನಿಮ್ಮ ಮನಸ್ಸಿಗೆ ಬಂದಾಗ ನಿಲ್ಲಿಸಬೇಡಿ. ತಾಯಿಗೆ ಒಂದು ಮಾತು ಹೆಚ್ಚಿಗೆ ಹೇಳಿದೆ: ಸುಟ್ಟ ನೋಟ್‌ಬುಕ್ಕಿಗೆ ಅವನ ಬಳಿ ಕ್ಷಮೆ ಕೇಳಿ. ಅವರು ಕೇಳಲಿಲ್ಲ. ಹೊಸ ನೋಟ್‌ಬುಕ್ ತಂದು ಅವನ ಹಾಸಿಗೆಯ ಮೇಲಿಟ್ಟರು. ನಮ್ಮ ಕಡೆಯ ತಾಯಂದಿರ ಕ್ಷಮೆ ಹಾಗೆಯೇ ಬರುತ್ತದೆ.

ಇನ್ನೊಂದನ್ನು ಬರೆದೇ ಕೊಟ್ಟೆ. ಇಲ್ಲದ ದನಿಗೆ ಉತ್ತರ ಕೊಡತೊಡಗಿದರೆ, ಅನ್ನದಲ್ಲಿ ಏನೋ ಹಾಕಿದ್ದೀರಿ ಎಂದು ತಟ್ಟೆ ತಳ್ಳಿದರೆ, ಎರಡು ಮೂರು ರಾತ್ರಿ ಕಣ್ಣು ಮುಚ್ಚದಿದ್ದರೆ, ಸಾವಿನ ಮಾತಾಡಿದರೆ ನನ್ನ ಮುಂದಿನ ಭೇಟಿಗೆ ಕಾಯಬೇಡಿ, ಅಂದೇ ಆಸ್ಪತ್ರೆಗೆ ಕರೆದೊಯ್ಯಿರಿ. ಮಂಡ್ಯದ ವೈದ್ಯಕೀಯ ವಿಜ್ಞಾನಗಳ ಸಂಸ್ಥೆಯಲ್ಲೂ ಮೈಸೂರಿನ ಕೆ.ಆರ್. ಆಸ್ಪತ್ರೆಯಲ್ಲೂ ಮನೋವೈದ್ಯ ವಿಭಾಗಗಳಿವೆ. ನಡುರಾತ್ರಿ ಏನು ಮಾಡುವುದೆಂದು ತೋಚದಿದ್ದರೆ 14416ಕ್ಕೆ ಕರೆ ಮಾಡಿ. ಅದು ಟೆಲಿ ಮಾನಸ್ ಸಹಾಯವಾಣಿ. ಕರೆಗೆ ಹಣವಿಲ್ಲ, ಕನ್ನಡದಲ್ಲೇ ಮಾತಾಡಬಹುದು.

ದಸರಾ ಕಳೆದು ಅವರು ಬಂದಾಗ ಪ್ರಸಾದದ ಬದಲು ಒಂದು ಅಚ್ಚು ಬೆಲ್ಲವಿತ್ತು. ಚಂದ್ರು ಎರಡೂ ಪೇಪರಿಗೆ ಶುಲ್ಕ ಕಟ್ಟಿದ್ದ. ಮನೋವೈದ್ಯರು ಇನ್ನೂ ಆರು ತಿಂಗಳು ನೋಡೋಣ ಎಂದಿದ್ದರು, ಔಷಧಿ ಮುಂದುವರಿದಿತ್ತು. ಸ್ನಾನದ ಜಗಳ ಪೂರ್ತಿ ಮುಗಿದಿರಲಿಲ್ಲ. ಚಿಕ್ಕಪ್ಪನ ಮಗನ ಜೊತೆ ಮಾತು ಇನ್ನೂ ಇಲ್ಲ. ಅದನ್ನು ನಾನು ಒತ್ತಾಯಿಸಲಿಲ್ಲ.

"ಕಂಪನಿ ಹೇಗಿದೆ?" ಎಂದೆ.

"ರಾತ್ರಿ ಒಂಬತ್ತರಿಂದ ಅರ್ಧ ಗಂಟೆ ಇಟ್ಟುಕೊಂಡಿದ್ದೇನೆ ಮೇಡಂ. ಈಗ ಒಂಬತ್ತು ಜನ ಇದ್ದಾರೆ."

"ನಾನೂರ ಹನ್ನೆರಡು ಇದ್ದರಲ್ಲ?"

"ಆಲೆಮನೆಯಲ್ಲಿ ಎಣಿಸಿದೆ. ಗಾಣಕ್ಕೆ ಇಬ್ಬರು, ಒಲೆಗೆ ಒಬ್ಬ, ಕೊಪ್ಪರಿಗೆಗೆ ಮೂವರು, ಅಚ್ಚಿಗೆ ಇಬ್ಬರು, ಲೆಕ್ಕಕ್ಕೆ ಒಬ್ಬ. ಅಷ್ಟರಲ್ಲೇ ನಡೆಯುತ್ತದೆ." ಸ್ವಲ್ಪ ಹೊತ್ತು ನೋಟ್‌ಬುಕ್ಕಿನ ಅಂಚನ್ನು ತಿರುವಿದ. "ನಿಮ್ಮ ಹುದ್ದೆಯನ್ನೂ ತೆಗೆಯಬೇಕಾಯಿತು ಮೇಡಂ. ಒಂದೂವರೆ ಲಕ್ಷ ಕೊಡುವುದಕ್ಕೆ ಆಗುವುದಿಲ್ಲ."